ದರೋಜಿ ಅಂದ್ರೆ ಬರೀ ಕರಡಿ ಅಲ್ರೀ...

ಬಹಳ ದಿನಗಳಾಯ್ತು ಇಲ್ಲಿ ಏನೂ ಬರೆದಿರಲಿಲ್ಲ. ವಿಷಯ ಇರಲಿಲ್ಲ ಅಂತಲ್ಲ, ಶಿಫ್ಟ್ ಮುಗಿಸಿ ಬಂದ ಮೇಲೆ ಕೀಲಿಮಣೆ ಮುಂದೆ ಕೂರೋಕೆ ಮೈ ಬಗ್ಗುತ್ತಿರಲಿಲ್ಲ ಅಷ್ಟೇ. ಆದರೆ ಕಳೆದ ತಿಂಗಳು ನಡೆದ ಒಂದು ಸಣ್ಣ ಸಂಗತಿ ತಲೆಯಿಂದ ಇಳಿಯಲೊಲ್ಲದು. ಬರೆದರಾದರೂ ಇಳಿದೀತೇನೋ ಅಂತ ಕೂತಿದ್ದೀನಿ. ಸ್ವಲ್ಪ ಉದ್ದ ಆಗುತ್ತೆ, ಬೈಕೋಬೇಡಿ :-)

ಬೆಂಗಳೂರಿನಿಂದ ಹಳೇ ಗೆಳೆಯನೊಬ್ಬ ಹೆಂಡತಿ ಮಗಳ ಜೊತೆ ಬಂದಿದ್ದ. ಎರಡು ದಿನ ಹಂಪಿ, ಮೂರನೇ ದಿನ ದರೋಜಿ ಕರಡಿಧಾಮ. ನಿಮಗೆ ಗೊತ್ತಿರಬಹುದು, ೧೯೯೪ರಲ್ಲಿ ಆದ ಧಾಮ ಅದು. ಮಧ್ಯಾಹ್ನ ಅರಣ್ಯ ಇಲಾಖೆಯವರು ಬಂಡೆಗಳ ಮೇಲೆ ಬೆಲ್ಲ ಬೆರೆಸಿದ ಪಾಕ ಬಳಿದು ಹೋಗ್ತಾರೆ, ಹೊತ್ತು ಇಳಿಯುವಾಗ ಕರಡಿಗಳು ಒಂದೊಂದಾಗಿ ಇಳಿದು ಬಂದು ನೆಕ್ಕುತ್ತವೆ, ನಾವು ದೂರದ ಗೋಪುರದಲ್ಲಿ ನಿಂತು ಉಸಿರು ಬಿಗಿಹಿಡಿದು ನೋಡ್ತೀವಿ. ಅವತ್ತು ನಾಕು ಕರಡಿ ಬಂದವು, ಒಂದರ ಬೆನ್ನ ಮೇಲೆ ಮರಿ ಬೇರೆ. ಗೆಳೆಯನ ಮಗಳಂತೂ ಹಾರಾಡಿಬಿಟ್ಟಳು. ರಾತ್ರಿ ಊಟಕ್ಕೆ ನಮ್ಮ ಕುರೆಕುಪ್ಪದ ಮನೆಗೇ ಬಂದರು. ಜೋಳದ ರೊಟ್ಟಿ ಮುರೀತಾ ಆ ಹುಡುಗಿ ಕೇಳಿದಳು, "ಅಂಕಲ್, ದರೋಜಿನಲ್ಲಿ ಕರಡಿ ಬಿಟ್ರೆ ಇನ್ನೇನಿದೆ?"

ನಾನು ದೊಡ್ಡದಾಗಿ ಎದೆಯುಬ್ಬಿಸಿ ಹೇಳಿದೆ. ದರೋಜಿ ಅಂದರೆ ಬುರ್ರಕಥೆ ಈರಮ್ಮನವರ ಊರಮ್ಮಾ, ಓದು ಬರಹ ಬಾರದ ಹೆಣ್ಣುಮಗಳು, ಹನ್ನೆರಡು ಮಹಾಕಾವ್ಯಗಳನ್ನು ಬಾಯಲ್ಲೇ ಇಟ್ಟುಕೊಂಡಿದ್ದವರು, ರಾಜ್ಯೋತ್ಸವ ಪ್ರಶಸ್ತಿ, ನಾಡೋಜ, ಏನು ಕೇಳ್ತೀ... ಅಂತೆಲ್ಲ. ಹುಡುಗಿ ಕಣ್ಣರಳಿಸಿ "ಒಂದು ಹಾಡು ಕೇಳಿಸಿ ಅಂಕಲ್" ಅಂದಳು. ಮೊಬೈಲ್ ತೆಗೆದು ಹುಡುಕಿದೆ. ನನಗೆ ಸಿಕ್ಕಿದ್ದು ಕೆಲವು ನಿಮಿಷಗಳ ತುಣುಕುಗಳು. ಒಂದು ಹಾಕಿದೆ. ಏನೋ ಕಥೆ ಶುರುವಾಯ್ತು ಅನ್ನುವಷ್ಟರಲ್ಲಿ ಮುಗೀತು. "ಇಷ್ಟೇನಾ? ಕಥೆ ಎಲ್ಲಿ?" ಅಂದಳು. ಆಮೇಲೆ ತೀರಾ ಸಹಜವಾಗಿ, ಚುಚ್ಚುವ ಉದ್ದೇಶವೇ ಇಲ್ಲದೆ, "ನೀವು ಎದುರಿಗೆ ಕೂತು ಕೇಳಿರ್ತೀರಲ್ವಾ ಅಂಕಲ್, ನೀವೇ ಹೇಳಿ" ಅಂದಳು.

ನಾನು ಕೇಳಿಲ್ಲ.

ಈರಮ್ಮನವರು ತೀರಿಕೊಂಡಿದ್ದು ೨೦೧೪ರ ಆಗಸ್ಟ್ ೧೨ಕ್ಕೆ. ಅಲ್ಲಿಯವರೆಗೆ ನಾನು ಇಲ್ಲೇ ಇದ್ದೆ. ಬೈಕ್ ಹತ್ತಿದರೆ ದರೋಜಿ ಎಷ್ಟು ದೂರ ಹೇಳಿ. ತೋರಣಗಲ್ಲು ದಾಟಿದರೆ ಆಯ್ತು, ಬಳ್ಳಾರಿ ರೈಲು ಹತ್ತಿದರೆ ಇನ್ನೂ ಸುಲಭ. ಗದುಗಿನ ತನಕ ಹೋಗಿ ಹಿಂದೂಸ್ತಾನಿ ಕೇಳಿ ಬಂದಿದ್ದೀನಿ, ಹೆಗ್ಗೋಡಿಗೆ ಹೋಗಿ ನಾಟಕ ನೋಡಿದ್ದೀನಿ, ಅದನ್ನೆಲ್ಲ ಇಲ್ಲೇ ಬರೆದು ನಿಮ್ಮಿಂದ ಶಭಾಷ್ ಅನ್ನಿಸಿಕೊಂಡಿದ್ದೀನಿ. ಪಕ್ಕದ ಊರಿನ ಈರಮ್ಮನ ಬಳಿ ಹೋಗಿ ಒಂದು ರಾತ್ರಿ ಕೂತಿಲ್ಲ. ಪೇಪರಿನಲ್ಲಿ ಅವರ ಫೋಟೋ ಬಂದಾಗ "ನಮ್ಮ ಸಂಡೂರು ತಾಲೂಕಿನವರು ನೋಡ್ರೀ" ಅಂತ ಕ್ಯಾಂಟೀನಿನಲ್ಲಿ ಪೇಪರು ಎತ್ತಿ ತೋರಿಸಿದ್ದು ಬಿಟ್ಟರೆ ನನ್ನ ಸಾಧನೆ ಸೊನ್ನೆ.

ಆ ರಾತ್ರಿ ಅವರೆಲ್ಲ ಮಲಗಿದ ಮೇಲೆ ನಿದ್ದೆ ಬರಲಿಲ್ಲ. ಈರಮ್ಮನ ಬಗ್ಗೆ ನಾವು ಹೇಳುವ ಮಾತುಗಳನ್ನೇ ತಿರುವಿ ಹಾಕುತ್ತಾ ಬಿದ್ದಿದ್ದೆ. ಹುಟ್ಟಿದ್ದು ೧೯೩೦. ಬುಡ್ಗ ಜಂಗಮ ಅನ್ನುವ ಅಲೆಮಾರಿ ಸಮುದಾಯ. ಊರೂರು ತಿರುಗಿ ಕಥೆ ಹಾಡಿ ಕಾಳು ಪಡೆದು ಬದುಕುವ ಕಸುಬು. ಕನ್ನಡ, ತೆಲುಗು ಎರಡರಲ್ಲೂ ಹಾಡುತ್ತಿದ್ದರು, ಮನೆಯವರೇ ಹಿಮ್ಮೇಳ. ೧೯೯೯ರಲ್ಲಿ ರಾಜ್ಯೋತ್ಸವ ಪ್ರಶಸ್ತಿ, ಅಂದರೆ ಎಪ್ಪತ್ತು ಮುಟ್ಟುವ ಹೊತ್ತಿಗೆ. ಹಂಪಿ ಕನ್ನಡ ವಿಶ್ವವಿದ್ಯಾಲಯದ ನಾಡೋಜ. ಅದೇ ವಿಶ್ವವಿದ್ಯಾಲಯದವರು ಅವರ ಕಥನಗಳನ್ನು ದಾಖಲಿಸಿ ಅಚ್ಚು ಹಾಕಿಸಿದ್ದೂ ಉಂಟು, ಅದು ನಿಜಕ್ಕೂ ದೊಡ್ಡ ಕೆಲಸ. ಇದೆಲ್ಲ ಆದ ಮೇಲೆ ಬರೋದು ಎಲ್ಲರೂ ಹೇಳುವ ಆ ಲೆಕ್ಕ. ಹನ್ನೆರಡು ಕಾವ್ಯ, ಎರಡು ಲಕ್ಷ ಪದ, ಅಚ್ಚಾದರೆ ಏಳು ಸಾವಿರ ಪುಟ. ಅಂತರ್ಜಾಲದಲ್ಲಿ ಎಲ್ಲಿ ನೋಡಿದರೂ ಇದೇ ಸಿಗುತ್ತೆ, ನಾನೂ ಗೆಳೆಯನ ಮಗಳಿಗೆ ಇದನ್ನೇ ಊದಿದ್ದೆ.

ನಾನು ಕಾರ್ಖಾನೆಯಲ್ಲಿ ದಿನಾ ಲೆಕ್ಕದ ಪುಸ್ತಕ ನೋಡುವವನು. ಮಲಗಿದಲ್ಲೇ ಭಾಗಾಕಾರ ಮಾಡಿದೆ. ೨,೦೦,೦೦೦ ಪದಗಳನ್ನು ೭,೦೦೦ ಪುಟಕ್ಕೆ ಹಂಚಿದರೆ ಪುಟಕ್ಕೆ ೨೯ ಪದವೂ ಬರಲ್ಲ! ಮಕ್ಕಳ ಬಣ್ಣದ ಪುಸ್ತಕದಲ್ಲೂ ಅದಕ್ಕಿಂತ ಜಾಸ್ತಿ ಇರುತ್ತೆ. ಪುಟಕ್ಕೆ ೨೦೦ ಪದ ಅಂತ ಹಿಡಿದರೂ ೭,೦೦೦ ಪುಟ ಅಂದರೆ ೧೪ ಲಕ್ಷ ಪದ ಆಗಬೇಕು. ಎರಡರಲ್ಲಿ ಒಂದು ಸಂಖ್ಯೆ ತಪ್ಪು, ಇಲ್ಲವೇ ಎರಡೂ ಅಂದಾಜು. ಇಷ್ಟು ವರ್ಷ ನಾವೆಲ್ಲ ಹೆಮ್ಮೆಯಿಂದ ನಕಲು ಮಾಡಿಕೊಂಡು ಬಂದೆವಲ್ಲ, ಒಬ್ಬರಾದರೂ ಕೂಡಿ ಕಳೆದು ನೋಡಿದೆವಾ? ನೋಡಲಿಲ್ಲ, ಯಾಕಂದರೆ ಆ ಸಂಖ್ಯೆ ನಮಗೆ ಬೇಕಾಗಿದ್ದು ಬಾಯಿ ಕಳೆಯೋಕೆ ಮಾತ್ರ. ಅಬ್ಬಾ ಅಂದು ಮುಂದೆ ಹೋಗೋಕೆ.

ನನ್ನ ತಕರಾರು ಇಲ್ಲಿಂದ ಶುರುವಾಗುತ್ತೆ. "ಓದು ಬರದಿದ್ದರೂ ಎಂಥಾ ನೆನಪಿನ ಶಕ್ತಿ" ಅನ್ನೋದು ಹೊಗಳಿಕೆಯೇ ಅಲ್ಲ. ಅದು ಈರಮ್ಮನನ್ನು ಒಂದು ಕಪಾಟು ಮಾಡಿದ ಹಾಗೆ. ಯಾರೋ ಎಂದೋ ಬರೆದಿಟ್ಟ ಏಳು ಸಾವಿರ ಪುಟ, ಈಯಮ್ಮ ಅದನ್ನು ಹೊತ್ತುಕೊಂಡು ತಿರುಗಿದಳು, ಪಾಪ, ಕೊನೆಗೆ ನಾವು ಇಳಿಸಿಕೊಂಡೆವು ಅಂತ. ಬಾಯಲ್ಲಿ ಕಥೆ ಕಟ್ಟುವವರ ಕೆಲಸ ಹಾಗಿರೋದೇ ಇಲ್ಲ. ೧೯೩೦ರ ದಶಕದಲ್ಲಿ ಅಮೆರಿಕದ ಮಿಲ್ಮನ್ ಪ್ಯಾರಿ ಅನ್ನುವ ವಿದ್ವಾಂಸ ಯುಗೋಸ್ಲಾವಿಯಾದ ಹಳ್ಳಿಗಳಿಗೆ ಹೋದ. ಅಲ್ಲಿ ಒಂಟಿ ತಂತಿಯ ವಾದ್ಯ ಹಿಡಿದು ವೀರಗಾಥೆ ಹಾಡುವ ಅನಕ್ಷರಸ್ಥರಿದ್ದರು. ಅವ್ದೊ ಮೆಜೆದೋವಿಚ್ ಅನ್ನುವ ಒಬ್ಬನೇ ೧೯೩೫ರಲ್ಲಿ ೧೨,೦೦೦ ಸಾಲು ಮೀರಿದ ಒಂದು ಕಾವ್ಯ ಕೊಟ್ಟ. ಪ್ಯಾರಿ ಅಲ್ಯೂಮಿನಿಯಂ ತಟ್ಟೆಗಳ ಮೇಲೆ ಮುದ್ರಿಸಿಕೊಂಡ, ಒಂದು ತಟ್ಟೆ ತುಂಬುವಷ್ಟರಲ್ಲಿ ಇನ್ನೊಂದು ತಿರುಗಲು ಶುರುವಾಗಬೇಕು, ಹಾಡು ತುಂಡಾಗಬಾರದು, ಅದಕ್ಕೆಂದೇ ಜೋಡಿ ಯಂತ್ರ ಮಾಡಿಸಿಕೊಂಡಿದ್ದ. ಪ್ಯಾರಿ ಬೇಗ ಸತ್ತ. ಅವನ ಶಿಷ್ಯ ಆಲ್ಬರ್ಟ್ ಲಾರ್ಡ್ ೧೯೬೦ರಲ್ಲಿ ಇದನ್ನೆಲ್ಲ ಪುಸ್ತಕ ಮಾಡಿದ. ಅದರ ತಿರುಳು ಇಷ್ಟು: ಈ ಹಾಡುಗಾರರು ಕಂಠಪಾಠ ಒಪ್ಪಿಸ್ತಾ ಇಲ್ಲ. ಕಥೆಯ ಗೂಡು, ಸಿದ್ಧ ನುಡಿಗಟ್ಟು, ಲಯ ಇವು ಮೈಯಲ್ಲಿ ಇರುತ್ತವೆ, ಉಳಿದದ್ದನ್ನು ಅವತ್ತಿನ ಜನ, ಅವತ್ತಿನ ಹೊತ್ತು ನೋಡಿ ಅಲ್ಲೇ ಕಟ್ಟುತ್ತಾರೆ. ಪ್ರತಿ ಸಲ ಹಾಡಿದಾಗಲೂ ಅದು ಹೊಸ ರಚನೆ. ಅಂದರೆ ಹಾಡುವವನೇ ಕವಿ.

ನಮ್ಮ ಈರಮ್ಮನೂ ಹಾಗೇ ಕವಿ. ನಾವು ಮಾತ್ರ ಹಾಡುಗಾರ್ತಿ, ಕಲಾವಿದೆ, ಜಾನಪದ ಕೋಗಿಲೆ ಅಂತೆಲ್ಲ ಕರೆದು ಕವಿ ಅನ್ನೋ ಒಂದು ಮಾತನ್ನು ಜಿಪುಣತನದಿಂದ ಉಳಿಸಿಕೊಂಡುಬಿಟ್ಟೆವು. ಬ್ಲಾಗಿನಲ್ಲಿ ನಾಕು ಸಾಲು ಮುರಿದು ಬರೆದ ನಾವೆಲ್ಲ ಕವಿಗಳು! (ನನ್ನನ್ನೂ ಸೇರಿಸಿ ಹೇಳ್ತಿದ್ದೀನಿ, ಸಿಟ್ಟಾಗಬೇಡಿ.)

ಚಿಕ್ಕಂದಿನಲ್ಲಿ ನಾನು ಬುರ್ರಕಥೆ ಕೇಳಿದ್ದೆ, ಈರಮ್ಮನದಲ್ಲ, ಬೇರೆ ಯಾರದೋ ತಂಡ. ಬಿಳಿಜೋಳ ಕೊಯ್ದು ಕಣದಲ್ಲಿ ರಾಶಿ ಬಿದ್ದಿರುವ ಹೊತ್ತಿಗೆ ಸರಿಯಾಗಿ ಬರುತ್ತಿದ್ದರು. ಹಗಲು ಮನೆಮನೆ ಮುಂದೆ, ರಾತ್ರಿ ಆಂಜನೇಯನ ಗುಡಿ ಮುಂದಿನ ಬಯಲಲ್ಲಿ. ಮುಂದೆ ನಿಂತ ಹೆಂಗಸು ಕಥೆ ಎತ್ತುತ್ತಿದ್ದಳು, ಹಿಂದಿನ ಇಬ್ಬರು ಮಣ್ಣಿನ ವಾದ್ಯ ಬಾರಿಸುತ್ತಾ ತಂದಾನ ತಾನ ಅಂತ ಜೋಡಿಸುತ್ತಿದ್ದರು. ಒಬ್ಬ ನಡುನಡುವೆ ತಲೆಹರಟೆ ಪ್ರಶ್ನೆ ಕೇಳಿ ನಗಿಸುತ್ತಿದ್ದ. ಬುರ್ರ ಅಂದರೆ ತೆಲುಗಿನಲ್ಲಿ ಬುರುಡೆ. ಟೊಳ್ಳು ಬುರುಡೆಯಂಥ ವಾದ್ಯದಿಂದಲೇ ಕಥೆಗೆ ಆ ಹೆಸರು ಬಂತು ಅಂತಾರೆ. ನನಗೆ ನೆನಪಿರೋದು ಬಾಲನಾಗಮ್ಮನ ಕಥೆ. ಮಾಯಲ ಫಕೀರ ಭಿಕ್ಷೆ ಕೇಳುತ್ತಾ ಬಾಗಿಲಿಗೆ ಬಂದ ಅನ್ನುವ ಜಾಗಕ್ಕೆ ಬರ್ತಿದ್ದ ಹಾಗೇ ಹಾಡು ನಿಲ್ಲಿಸಿ ಜೋಳಿಗೆ ತಿರುಗಿಸಿಬಿಡೋರು! ಕಾಳು ಬೀಳೋ ತನಕ ಫಕೀರ ಬಾಗಿಲಲ್ಲೇ ನಿಂತಿರಬೇಕು. ಈಗಿನ ಸೀರಿಯಲ್ಲಿನವರು ಜಾಹೀರಾತು ಹಾಕೋದು ಯಾರಿಂದ ಕಲಿತರು ಅಂತೀರಿ? ೧೯೬೬ರಲ್ಲಿ ರಾಜಕುಮಾರ್ ಅವರ ಬಾಲನಾಗಮ್ಮ ಸಿನಿಮಾ ಬಂದಿತ್ತಲ್ಲ, ನಮ್ಮಜ್ಜಿ ಅದನ್ನೂ ನೋಡಿದ್ದಳು. ಸಿನಿಮಾದಾಗ ಅವಸರ ಮಾಡ್ಯಾರ ಅಂತ ಅವಳ ವಿಮರ್ಶೆ.

ಇಷ್ಟು ಸವಿಯಾದ್ದು ಹೇಳಿ ನಿಲ್ಲಿಸಿಬಿಟ್ಟರೆ ಚೆನ್ನಾಗಿರುತ್ತಿತ್ತು. ಆದರೆ ನೆನಪು ಅಲ್ಲಿಗೇ ನಿಲ್ಲೋದಿಲ್ಲ. ಬೆಳಿಗ್ಗೆ ಅದೇ ಹೆಂಗಸು ನಮ್ಮ ಮನೆ ಮುಂದೆ ಬಂದು "ಗೌಡ್ತೀ, ನೀಡವ್ವಾ" ಅನ್ನುತ್ತಿದ್ದಳು. ಅಜ್ಜಿ ಒಳಗಿನಿಂದ "ಬುರ್ರಕಥಿಯೋರು ಬಂದಾರ, ಮರದಾಗ ಜೋಳ ಹಾಕ್ಕೊಂಡು ಬಾರೋ" ಅಂತ ನನ್ನನ್ನು ಕೂಗೋಳು. ನಾನು ಮರ ಹಿಡಿದು ಹೊರಗೆ ಬಂದರೆ ಹಿಂದಿನಿಂದ ಇನ್ನೊಂದು ಮಾತು ಬರುತ್ತಿತ್ತು, "ಮ್ಯಾಲಿಂದ ಸುರುವು, ತಾಗಬ್ಯಾಡ". ರಾತ್ರಿ ಯಾವ ಬಾಯಿಂದ ಬಾಲನಾಗಮ್ಮನ ಕಷ್ಟ ಕೇಳಿ ಅಜ್ಜಿ ಸೆರಗಿನಿಂದ ಕಣ್ಣೊರೆಸಿಕೊಂಡಿದ್ದಳೋ ಅದೇ ಬಾಯಿ ಬೆಳಿಗ್ಗೆ ಕಟ್ಟೆಯ ಕೆಳಗೆ ನಿಂತು ನೀರು ಕೇಳಿದರೆ ಚೊಂಬು ಕೊಡುತ್ತಿರಲಿಲ್ಲ, ಬೊಗಸೆಗೆ ಹೊಯ್ಯುತ್ತಿದ್ದಳು. ನಾನು ಮೇಲಿಂದ ಸುರುವಿದ್ದೇನೆ. ಒಂದಲ್ಲ, ಎಷ್ಟೋ ವರ್ಷ. ಅಜ್ಜಿ ಒಳ್ಳೆಯವಳು, ಅವಳ ಬಗ್ಗೆ ಇಲ್ಲಿ ಎರಡು ಮೂರು ಸಲ ಪ್ರೀತಿಯಿಂದ ಬರೆದಿದ್ದೀನಿ, ಇದನ್ನು ಮಾತ್ರ ಬರೆದಿರಲಿಲ್ಲ.

ಈರಮ್ಮ ಹಾಡುತ್ತಿದ್ದ ಕಾವ್ಯಗಳಲ್ಲಿ ಕುಮಾರರಾಮನದೂ ಒಂದು. ಇದು ನಮ್ಮ ನೆಲದ್ದೇ ಕಥೆ. ಕಂಪಿಲರಾಯನ ಮಗ ರಾಮ, ಗಂಗಾವತಿ ಕಡೆಯ ಕುಮ್ಮಟದುರ್ಗ, ನಮ್ಮ ಸಂಡೂರಿನ ಗುಡ್ಡದಲ್ಲಿರೋ ರಾಮಗಡ. ದಿಲ್ಲಿಯ ಮುಹಮ್ಮದ್ ಬಿನ್ ತುಘಲಕನ ವಿರುದ್ಧ ದಂಗೆಯೆದ್ದ ಅವನ ಬಂಧು ಬಹಾವುದ್ದೀನ್ ಗುರ್ಶಾಸ್ಪ್ ಓಡಿಬಂದು ಕಂಪಿಲಿಯಲ್ಲಿ ಆಸರೆ ಕೇಳಿದ, ಕಂಪಿಲರಾಯ ಕೊಟ್ಟ, ಅದಕ್ಕೇ ದಿಲ್ಲಿ ದಂಡು ಬಂತು, ೧೩೨೭ರ ಸುಮಾರಿಗೆ ರಾಜ್ಯ ಮುಳುಗಿತು. ವಿಜಯನಗರ ಶುರುವಾಗೋದು ೧೩೩೬ರಲ್ಲಿ. ಹಂಪಿಯಲ್ಲಿ ಯಾವ ಗೈಡನ್ನು ಹಿಡಿದರೂ ೧೩೩೬ರಿಂದಲೇ ಬಾಯಿ ತೆರೆಯೋದು. ಅದಕ್ಕಿಂತ ಹಿಂದಿನ ಈ ಕಥೆ ಕೆಲವು ಹಳೆಯ ಸಾಂಗತ್ಯ ಕಾವ್ಯಗಳಲ್ಲಿ ಉಳಿಯಿತು, ಜೊತೆಗೆ ಮನೆಯಿಲ್ಲದ ಅಲೆಮಾರಿಗಳ ಬಾಯಲ್ಲಿ ಉಳಿಯಿತು. ಅರಮನೆಯ ಕಥೆಯನ್ನು ಜೋಪಾನ ಮಾಡಿದವರು ಗುಡಿಸಲೂ ಇಲ್ಲದವರು. ವಿಚಿತ್ರ ಅನ್ನಿಸಲ್ವಾ?

ಕಥೆಯಲ್ಲಿ ರತ್ನಾಜಿ ಅಂತ ಒಬ್ಬಳಿದ್ದಾಳೆ, ಮುದಿ ಕಂಪಿಲನ ಎಳೆ ಹೆಂಡತಿ, ರಾಮನ ಚಿಕ್ಕಮ್ಮ. ಚೆಂಡಾಟದಲ್ಲಿ ಚೆಂಡು ಅವಳ ಅರಮನೆಗೆ ಬೀಳುತ್ತೆ, ರಾಮ ಕೇಳಲು ಹೋಗ್ತಾನೆ, ಅವಳು ಮನಸೋಲ್ತಾಳೆ, ಅವನು ಒಲ್ಲೆ ಅಂತಾನೆ, ಅವಳು ಗಂಡನಿಗೆ ಚಾಡಿ ಹೇಳ್ತಾಳೆ. ರಾಜ ಮಗನ ತಲೆ ತರಲು ಹೇಳ್ತಾನೆ. ಮಂತ್ರಿ ಬೈಚಪ್ಪ ರಾಮನನ್ನು ನೆಲಮನೆಯಲ್ಲಿ ಅಡಗಿಸಿಟ್ಟು ಬೇರೆಯವನ ತಲೆ ತೋರಿಸ್ತಾನೆ. ಮುಂದೆ ದಂಡು ಬಂದಾಗ ಅಯ್ಯೋ ಮಗನಿದ್ದಿದ್ದರೆ ಅಂತ ರಾಜ ಅಳುವಾಗ ರಾಮ ಹೊರಗೆ ಬರ್ತಾನೆ, ಕಾದಾಡ್ತಾನೆ, ಸಾಯ್ತಾನೆ. ಬರೆದ ಕವಿಗಳು ರತ್ನಾಜಿಯನ್ನು ಕೆಟ್ಟ ಹೆಂಗಸು ಮಾಡಿ ರಾಮನನ್ನು ಪರನಾರೀ ಸಹೋದರ ಮಾಡಿದರು. ಗಂಡಸರು ಬರೆದದ್ದು, ಬಿಡಿ. ನನಗೆ ತಿಳಿಯಬೇಕಾಗಿರೋದು ಬೇರೆ. ಒಬ್ಬ ಹೆಣ್ಣುಮಗಳು, ಹೆಂಗಸರು ಮಕ್ಕಳು ತುಂಬಿದ ಬಯಲಲ್ಲಿ ನಿಂತು ರತ್ನಾಜಿಯನ್ನು ಹಾಡುವಾಗ ದನಿ ಎಲ್ಲಿ ಗಡುಸಾಗುತ್ತೆ, ಎಲ್ಲಿ ಮೆತ್ತಗಾಗುತ್ತೆ? ಮುದುಕನ ಕೈಗೆ ಬಿದ್ದ ಹುಡುಗಿ ಅಂತ ಹೇಳುವಾಗ ಎಷ್ಟು ಹೊತ್ತು ನಿಲ್ಲಿಸುತ್ತಾಳೆ? ಅದು ಅಚ್ಚಿನಲ್ಲಿ ಇಳಿಯೋದಲ್ಲ. ಪುಸ್ತಕದಲ್ಲಿ ಪದ ಸಿಗುತ್ತೆ, ನಿಲುಗಡೆ ಸಿಗಲ್ಲ. ಆ ನಿಲುಗಡೆಯಲ್ಲೇ ಅವಳ ಅಭಿಪ್ರಾಯ ಇರೋದು. ನಾನು ಕಳಕೊಂಡದ್ದು ಅದು.

ಗಂಗೂಬಾಯಿ ಹಾನಗಲ್ ೧೯೧೩ರಲ್ಲಿ ಹುಟ್ಟಿದವರು, ೨೦೦೯ರಲ್ಲಿ ಹೋದರು. ಅವರೂ ಜಾತಿಯ ಕಷ್ಟ, ಹೆಣ್ಣಿನ ಕಷ್ಟ ಎಲ್ಲ ಉಂಡವರೇ. ಆದರೆ ಅವರ ದನಿ ಗ್ರಾಮಫೋನಿನಲ್ಲಿ, ಆಕಾಶವಾಣಿಯಲ್ಲಿ ತುಂಬಿಕೊಂಡಿತು, ಈಗ ಬೆರಳು ಒತ್ತಿದರೆ ಗಂಟೆಗಟ್ಟಲೆ ಕೇಳಬಹುದು. ಬಳ್ಳಾರಿಯವರೇ ಆದ ಸುಭದ್ರಮ್ಮ ಮನ್ಸೂರು, ೨೦೨೦ರಲ್ಲಿ ತೀರಿಕೊಂಡರು, ಅವರ ರಂಗಗೀತೆಗೆ ಜನ ಟಿಕೆಟ್ ಕೊಂಡು ಬಂದು ಕೂರುತ್ತಿದ್ದರು. ಟಿಕೆಟ್ ಕೊಂಡವನು ಕಟ್ಟೆ ಮೇಲೆ ನಿಂತು ಕಾಳು ಸುರುವಲು ಆಗಲ್ಲ, ಅಷ್ಟು ವ್ಯತ್ಯಾಸ ಆಯ್ತಲ್ಲ. ಈರಮ್ಮನ ಪಾಲಿಗೆ ಬಂದದ್ದು ಮೊದಲು ಮರದಲ್ಲಿ ಜೋಳ, ಇಳಿವಯಸ್ಸಿನಲ್ಲಿ ಶಾಲು. ನಡುವೆ ನಮ್ಮಂಥ ಕೇಳುಗರು ಬರಬೇಕಾಗಿತ್ತು.

ಇದನ್ನೇ ಓದುತ್ತಾ ಹೋದಾಗ ನೈಜೀರಿಯಾದ ಒಬ್ಬ ಹೌಸಾ ಹಾಡುಗಾರ್ತಿ ಸಿಕ್ಕಳು, ಬರ್ಮಾನಿ ಚೋಗೆ. ಫುಂತುವಾ ಅನ್ನುವ ಊರಿನವಳು. ಅಲ್ಲಿನ ಹೆಂಗಸರ ಹಾಡಿನ ಪ್ರಕಾರಕ್ಕೆ ಅಮಾದಾ ಅಂತಾರಂತೆ. ಸೋರೆಬುರುಡೆಯ ಹೋಳುಗಳನ್ನು ನೀರಿನ ಮೇಲೆ ಬೋರಲು ಹಾಕಿ ಬಾರಿಸುತ್ತಾ ಹಾಡೋದು. ಅಲ್ಲೂ ಬುರುಡೆ, ಇಲ್ಲೂ ಬುರುಡೆ ನೋಡಿ! ಅವಳು ಮದುವೆ, ಹೆಸರಿಡುವ ಮನೆಗಳಲ್ಲಿ ಹೆಂಗಸರ ನಡುವೆ ಕೂತು ಸವತಿಯ ಬಗ್ಗೆ, ಹೆಣ್ಣು ಕಸುಬು ಕಲಿತು ಕೈಯಲ್ಲಿ ಕಾಸು ಇಟ್ಟುಕೊಳ್ಳೋದರ ಬಗ್ಗೆ ಮುಲಾಜಿಲ್ಲದೆ ಹಾಡಿದವಳು. ೨೦೧೩ರಲ್ಲಿ ತೀರಿಕೊಂಡಳು, ನಮ್ಮ ಈರಮ್ಮನಿಗಿಂತ ಒಂದು ವರ್ಷ ಮುಂಚೆ. ಹೌಸಾದ ಒಂದು ಅಕ್ಷರ ಗೊತ್ತಿಲ್ಲದ ನಾನು ಕುರೆಕುಪ್ಪದಲ್ಲಿ ಕೂತು ಅವಳ ಹಾಡನ್ನು ಮೊದಲಿಂದ ಕೊನೆತನಕ ಕೇಳಿದೆ. ಕೇಳಿ ಮುಗಿದ ಮೇಲೆ ಇನ್ನೂ ಬೇಜಾರಾಯ್ತು.

ಹಾಗಾದರೆ ಏನು ಮಾಡಬೇಕು ಅಂತ ನೀವು ಕೇಳಬಹುದು. ನನಗೆ ತೋಚಿದ್ದು ಹೇಳ್ತೀನಿ. ಸಮಾರಂಭಗಳಲ್ಲಿ ಮಂತ್ರಿಗಳು ಬರೋದು ತಡವಾಯ್ತು ಅಂತ ಹತ್ತು ನಿಮಿಷಕ್ಕೆ ಬುರ್ರಕಥೆಯವರನ್ನು ಹತ್ತಿಸಿ ಇಳಿಸೋದನ್ನು ಮೊದಲು ನಿಲ್ಲಿಸಬೇಕು. ಆರು ರಾತ್ರಿಯ ಕಥೆಯನ್ನು ಹತ್ತು ನಿಮಿಷಕ್ಕೆ ಕತ್ತರಿಸಿದರೆ ಉಳಿಯೋದು ವೇಷ ಮತ್ತು ಗದ್ದಲ, ಕಥೆಯಲ್ಲ. ಮೆರವಣಿಗೆಯಲ್ಲಿ ಡೊಳ್ಳಿನ ಹಿಂದೆ ನಡೆಸುತ್ತಾರಲ್ಲ, ಅದಂತೂ ಕಥೆ ಹೇಳುವವರಿಗೆ ಮಾಡುವ ಅವಮಾನ. ನಡೀತಾ ಯಾರಿಗೆ ಕಥೆ ಹೇಳೋದು? ಇನ್ನೊಂದು, ವಿಶ್ವವಿದ್ಯಾಲಯಗಳಲ್ಲಿ, ಆಕಾಶವಾಣಿಯಲ್ಲಿ, ಸಂಶೋಧನೆ ಮಾಡಿದವರ ಮನೆಯ ಕ್ಯಾಸೆಟ್ ಡಬ್ಬಿಗಳಲ್ಲಿ ಇಂಥವರ ದನಿ ಎಷ್ಟಿದೆಯೋ ಅಷ್ಟನ್ನೂ ಕತ್ತರಿಸದೆ ಅಂತರ್ಜಾಲಕ್ಕೆ ಹಾಕಬೇಕು, ಹಾಡಿದವರ ಮನೆಯವರ ಒಪ್ಪಿಗೆ ಪಡೆದು, ಅವರಿಗೆ ಸಲ್ಲಬೇಕಾದ್ದು ಸಲ್ಲಿಸಿ. ಮುದ್ರಿತ ಪಠ್ಯ ಯೂನಿಕೋಡಿನಲ್ಲಿ ಸಿಗಬೇಕು. ಪ್ರಶಸ್ತಿ ಬೇಡ ಅನ್ನಲ್ಲ. ಪ್ರಶಸ್ತಿ ಕೊಟ್ಟ ಮೇಲೆ ಕೇಳೋದು ಬಾಕಿ ಇದೆ ಅಂತ ಗೊತ್ತಿರಬೇಕು ಅಷ್ಟೇ.

ಬುರ್ರಕಥೆಗೆ ಅಷ್ಟು ತಾಕತ್ತು ಇದೆಯಾ ಅಂತ ಅನುಮಾನ ಇದ್ದವರು ಆಂಧ್ರದ ಷೇಕ್ ನಾಜರ್ ಅವರನ್ನು ನೆನೆಯಬೇಕು. ೧೯೪೦ರ ದಶಕದಲ್ಲಿ ಪ್ರಜಾ ನಾಟ್ಯಮಂಡಲಿಯವರ ಜೊತೆ ಸೇರಿ ಇದೇ ಕಲೆಯನ್ನು ಜಮೀನ್ದಾರರ ವಿರುದ್ಧ, ಬರಗಾಲದ ಬಗ್ಗೆ ಹಾಡಿದವರು. ಸರಕಾರಗಳು ಹೆದರಿ ನಿಷೇಧ ಹಾಕುವ ಮಟ್ಟಿಗೆ ಹೋಯಿತು. ೧೯೮೬ರಲ್ಲಿ ಪದ್ಮಶ್ರೀಯೂ ಬಂತು ಅನ್ನಿ.

ಇದನ್ನೆಲ್ಲ ನಾನು ಕಾರ್ಖಾನೆಯಲ್ಲಿ ಒಬ್ಬನ ಮುಂದೆ ಉತ್ಸಾಹದಿಂದ ಹೇಳಿದೆ. ಗುತ್ತಿಗೆ ಕೆಲಸದ ಹುಡುಗ, ಬುಡ್ಗ ಜಂಗಮರವನು, ದರೋಜಿ ಕಡೆಯವನಲ್ಲ. ಟೀ ಹೀರುತ್ತಾ ಎಲ್ಲ ಕೇಳಿಸಿಕೊಂಡ. ಆಮೇಲೆ ಮೆಲ್ಲಗೆ,

"ಸಾರ್, ನಿಮಗ ಹಾಡು ಬೇಕು. ನಮಗ ಜೋಳಿಗಿ ಬ್ಯಾಡ" ಅಂದ.

"ಹಾಡಿಗೂ ಜೋಳಿಗೆಗೂ ಏನೋ ಸಂಬಂಧ?"

"ನಿಮಗ ಗೊತ್ತಾಗಲ್ಲ ಬಿಡ್ರಿ. ನಮ್ಮಪ್ಪ ಬುರ್ರ ಹಿಡದ್ರ ಸಾಕು, ಊರ ಹುಡುಗರು ಭಿಕ್ಷಾ ಬಂತು ಅಂತಿದ್ರು. ಸಾಲಿಗೆ ಹೋದ್ರೂ ನನ್ನ ಹೆಸರು ಅದ ಆತು. ನಾನು ಬುರ್ರ ಮುಟ್ಟಿಲ್ಲ. ಮುಟ್ಟಂಗಿಲ್ಲ. ಹಾಡು ಸತ್ರ ಸಾಯಲಿ ಸಾರ್."

ನನ್ನ ಬಾಯಿ ಕಟ್ಟಿಹೋಯ್ತು. ಅವನು ಇನ್ನೊಂದು ವಿಷಯ ಹೇಳಿದ, ಅದು ನಿಮಗೂ ಗೊತ್ತಿರೋದೇ. ಪರಿಶಿಷ್ಟ ಜಾತಿ ಪಟ್ಟಿಯಲ್ಲಿ ಬೇಡ ಜಂಗಮ, ಬುಡ್ಗ ಜಂಗಮ ಅಂತ ಒಟ್ಟಿಗೆ ಹೆಸರಿದೆ. ಜಂಗಮ ಅನ್ನೋ ಒಂದು ಪದ ಹಿಡಿದು ಆ ಸರ್ಟಿಫಿಕೇಟಿಗಾಗಿ ಎಷ್ಟು ವರ್ಷದಿಂದ ಎಳೆದಾಟ ನಡೆದಿದೆ. ಅದರ ನಡುವೆ ನಿಜವಾಗಿ ಊರೂರು ತಿರುಗಿದವನ ಮಗ ಕಚೇರಿಗೆ ಹೋದರೆ ದಾಖಲೆ ತಾ ಅಂತಾರೆ. "ತಿರುಗ್ಯಾಡಿದವ್ರ ಹತ್ರ ಎಲ್ಲಿ ದಾಖಲಿ ಇರ್ತಾವ್ರಿ? ಕಥಿ ಹಾಡಿ ತೋರಿಸಲೇನು ಅಂತ ಕೇಳಬೇಕನಸ್ತು ನನಗ" ಅಂತ ನಕ್ಕ. ನನಗೆ ನಗು ಬರಲಿಲ್ಲ.

ಅವನ ಮಾತು ಸುಳ್ಳಲ್ಲ. ಒಂದು ಕಲೆ ಬದುಕಬೇಕಾದರೆ ಒಂದು ಜಾತಿ ಬೇಡುತ್ತಲೇ ಇರಬೇಕು ಅನ್ನೋದಾದರೆ ಆ ಕಲೆಯ ಪರ ವಾದ ಮಾಡೋಕೆ ನನಗೆ ಬಾಯಿಲ್ಲ. ನಮ್ಮಲ್ಲಿ ಕೆಲವರು "ಈಗಿನ ಹುಡುಗರು ಕಲೆ ಬಿಟ್ಟರು" ಅಂತ ಸುಲಭವಾಗಿ ಬರೆದುಬಿಡ್ತೀವಿ. ಬಿಟ್ಟಿದ್ದು ಒಳ್ಳೇದಾಯ್ತು ಅಂತ ಹೇಳುವ ಧೈರ್ಯವೂ ಇರಬೇಕು. ಆದರೂ ಇನ್ನೊಂದು ಯೋಚನೆ ಬಿಡಲಿಲ್ಲ. ಸಂಗೀತ ಕಲಿಯೋಕೆ ಯಾರೂ ಇಂಥ ಜಾತಿಯಲ್ಲೇ ಹುಟ್ಟಬೇಕಿಲ್ಲ ಅಂತ ಒಪ್ಪಿಕೊಂಡಿದ್ದೀವಲ್ಲ. ಬುರ್ರಕಥೆ ಮಾತ್ರ ಬುಡ್ಗ ಜಂಗಮರ ಮಕ್ಕಳೇ ಹಾಡಬೇಕು, ಅದೂ ಬಡವರಾಗಿದ್ದುಕೊಂಡು ಹಾಡಬೇಕು ಅಂತ ಯಾಕೆ? ಗೌಡರ ಮಗಳು ಬುರ್ರ ಹಿಡಿಯಲಿ, ಅವರ ಮನೆಯ ಹೆಂಗಸರಿಗೆ ಗುರುದಕ್ಷಿಣೆ ಕೊಟ್ಟು ಕಾಲಿಗೆ ಬಿದ್ದು ಕಲಿಯಲಿ. ಆವಾಗ ತಾಗಬ್ಯಾಡ ಅನ್ನೋ ಮಾತು ಹೇಗೆ ಬರುತ್ತೆ ನೋಡೋಣ. ನನ್ನ ಮಗಳಿಗೆ ಹೇಳಿದೆ, ಅವಳು ಕೀಬೋರ್ಡ್ ಕ್ಲಾಸಿಗೆ ಹೋಗ್ತಾಳೆ, "ನೋಡೋಣ ಅಪ್ಪಾ" ಅಂದಳು. ಅಂದರೆ ಇಲ್ಲ ಅಂತ.

ಎರಡು ವಾರ ಬಿಟ್ಟು ಆ ಹುಡುಗನೇ ನನ್ನನ್ನು ಹುಡುಕಿಕೊಂಡು ಬಂದ. ಅವನ ಸೋದರತ್ತೆ ಒಬ್ಬಳಿದ್ದಾಳಂತೆ, ಎಪ್ಪತ್ತರ ಮೇಲೆ ವಯಸ್ಸು, ಕುಮಾರರಾಮ ಬರುತ್ತಂತೆ. ಹಾಡಿ ಹದಿನೈದು ವರ್ಷ ಆಗಿರಬೇಕು, ಕರೆದವರಿಲ್ಲ. ಅವನು ಮೂರು ಷರತ್ತು ಹಾಕಿದ. ಆರ್ಕೆಸ್ಟ್ರಾದವರಿಗೆ ಏನು ಕೊಡ್ತೀರೋ ಅಷ್ಟು ರೊಕ್ಕ ಮುಂಗಡ ಕೊಡಬೇಕು. ಮನೆಯೊಳಗೆ ಕುರ್ಚಿ ಹಾಕಿ ಕೂಡಿಸಬೇಕು, ಊಟ ನಮ್ಮ ಪಂಕ್ತಿಯಲ್ಲೇ ಆಗಬೇಕು. ರೆಕಾರ್ಡ್ ಮಾಡಿದ್ದರ ಒಂದು ಪ್ರತಿ ಮೊದಲು ಅವಳ ಕೈಗೆ ಕೊಡಬೇಕು. ನಾನು ಮೂರಕ್ಕೂ ಹೂಂ ಅಂದೆ. ಅಜ್ಜಿ ಈಗಿಲ್ಲ, ಪಡಸಾಲೆಯಲ್ಲಿ ಅವಳ ಫೋಟೋ ಇದೆ, ಅದರ ಕೆಳಗೇ ಕುರ್ಚಿ ಹಾಕಬೇಕು ಅಂತ ಮನಸ್ಸಿನಲ್ಲೇ ಅಂದುಕೊಂಡೆ. ಮನೆಯಲ್ಲಿ ಹೇಳಿದಾಗ ನಮ್ಮವ್ವ ಸ್ವಲ್ಪ ಹೊತ್ತು ಸುಮ್ಮನಿದ್ದು "ಪಂಕ್ತ್ಯಾಗಾ?" ಅಂತ ಒಮ್ಮೆ ಕೇಳಿದಳು. ಹೌದವ್ವ ಅಂದೆ. "ರೊಟ್ಟಿ ಎಷ್ಟು ಬಡೀಬೇಕು ಮದ್ಲ ಹೇಳು" ಅಂತ ಎದ್ದು ಹೋದಳು.

ನಾನು ಅವಳಿಗೆ ಒಂದು ಗಂಟೆ ಹಾಡಿದರೆ ಸಾಕು ಅಂತ ಹೇಳಿ ಕಳಿಸಿದ್ದೆ. ನಿನ್ನೆ ಹುಡುಗ ಉತ್ತರ ತಂದ. ಅತ್ತೆ ನಕ್ಕಳಂತೆ. "ಒಂದು ತಾಸಿನ್ಯಾಗ ರಾಮ ಹುಟ್ಟಂಗೂ ಇಲ್ಲ. ಎಷ್ಟು ರಾತ್ರಿ ಕುಂದರ್ತೀರಿ ಅಂತ ಕೇಳ್ಕೊಂಡು ಬಾ" ಅಂದಳಂತೆ.

ಇನ್ನೂ ಉತ್ತರ ಹೇಳಿಲ್ಲ. ಒಂದು ವಾರ ಬೆಳಗಿನ ಶಿಫ್ಟ್ ಬದಲಾಯಿಸಿಕೊಡಿ ಅಂತ ಅರ್ಜಿ ಕೊಟ್ಟಿದ್ದೀನಿ. ನಿಮ್ಮಲ್ಲಿ ಯಾರಿಗಾದರೂ ರಾತ್ರಿಯಿಡೀ ದನಿ ಮುದ್ರಿಸಿದ ಅನುಭವ ಇದ್ದರೆ ದಯವಿಟ್ಟು ತಿಳಿಸಿ. ಮೊಬೈಲ್ ಸಾಕಾ, ಬೇರೆ ಮೈಕ್ ಬೇಕಾ, ಹೊರಗೆ ಅದಿರು ಲಾರಿ ಓಡಾಡುವ ಸದ್ದಿಗೆ ಏನು ಮಾಡೋದು? ಮತ್ತೆ ನಮ್ಮ ಕಡೆ ಕರೆಂಟ್ ಯಾವಾಗ ಹೋಗುತ್ತೆ ಹೇಳೋಕಾಗಲ್ಲ...